ಪಾಳಿ ಬದಲಾದ ಸೋಮವಾರ

ನಮ್ಮ ಹೊಲಗಳ ಕಡೆ ಪಂಪಿನ ಕರೆಂಟು ಪಾಳಿಯ ಮೇಲೆ ಬರುತ್ತದೆ. ಒಂದು ವಾರ ಹಗಲು, ಒಂದು ವಾರ ರಾತ್ರಿ. ಸೋಮವಾರ ಪಾಳಿ ಬದಲಾಗುತ್ತದೆ. ಊರೊಳಗಿನ ದೀಪಕ್ಕೂ ಇದಕ್ಕೂ ಸಂಬಂಧವಿಲ್ಲ. ಮನೆಯಲ್ಲಿ ಫ್ಯಾನು ತಿರುಗುತ್ತಿದ್ದಾಗಲೂ ಹೊಲದ ತಂತಿ ಸತ್ತಿರಬಹುದು. ಆದ್ದರಿಂದ ಯಾವ ವಾರ ಯಾವ ಪಾಳಿ ಎಂಬುದು ಇಲ್ಲಿ ನೀರು ಹಾಯಿಸುವವರ ತಲೆಯಲ್ಲಿ ಇರಬೇಕು. ಆ ವಾರ ನೀರು ಹಾಯಿಸಿದವಳು ನಾನು.

ನನ್ನ ಗಂಡ ಅರಣ್ಯ ಇಲಾಖೆಯಲ್ಲಿ ದಿನಗೂಲಿಯ ಕಾವಲುಗಾರರಾಗಿದ್ದರು. ಅರಣ್ಯ ಎಂದರೆ ನಮ್ಮಲ್ಲಿ ಅರಣ್ಯವೇನೂ ಇಲ್ಲ. ಸಿಂದಗಿಯಿಂದ ಇಂಡಿಯವರೆಗೂ ಎರೆ ಹೊಲ, ತೊಗರಿ, ಜೋಳ, ನಡುವೆ ಕಾಲುವೆ ಬಂದಲ್ಲಿ ಕಬ್ಬು. ಆ ಬಯಲಿನಲ್ಲಿ ಚಿಗರಿಗಳಿವೆ, ಪುಸ್ತಕದಲ್ಲಿ ಕೃಷ್ಣಮೃಗ ಎನ್ನುತ್ತಾರಲ್ಲ, ಅವು. ಅವುಗಳನ್ನು ಕಾಯುವುದು ಅವರ ಕೆಲಸ. ಬೇಲಿಯಿಲ್ಲ, ಗೇಟಿಲ್ಲ. ಒಂದು ಮೋಟಾರ್ ಸೈಕಲ್ಲು, ಒಂದು ಲಾಠಿ, ಅಂಗಿಯ ಜೇಬಿನಲ್ಲಿ ಮಡಚಿ ಮಡಚಿ ಹರಿದಿದ್ದ ಕಾಯ್ದೆಯ ಒಂದು ಹಾಳೆ. ಮದುವೆಯಾದ ಹೊಸದರಲ್ಲಿ ಊಟಕ್ಕೆ ಕುಳಿತಾಗ ಅದನ್ನು ನನಗೂ ಓದಿ ಹೇಳಿದ್ದರು.

"ಮೊದಲನೇ ಪಟ್ಟಿ ಅಂತ ಐತಿ ನೋಡು. ಅದರಾಗ ಹುಲಿ, ಆನಿ, ಅವರ ಸಾಲಿನ್ಯಾಗ ನಮ್ಮ ಚಿಗರಿ ಕುಂತೈತಿ."

"ನಮ್ಮ ತೊಗರಿ ತಿಂದು ಹುಲಿ ಸಾಲಿನ್ಯಾಗ ಕುಂತೈತೇನ್ರಿ?" ಎಂದೆ.

"ನಗಬ್ಯಾಡ. ಕೊಂದ್ರ ಜೇಲು. ಕೊಲ್ಲಾಕ ಬಲಿ ಹಾಕಿದ್ರೂ ಜೇಲು. ಮಾಂಸ ತಿಂದ್ರ, ತೊಗಲು ಮನ್ಯಾಗ ಇಟಗೊಂಡ್ರ, ಕೋಡು ಗ್ವಾಡಿಗೆ ಹೊಡದ್ರ, ಎಲ್ಲಾಕ್ಕೂ ಜೇಲು. ಸತ್ತ ಮ್ಯಾಲೂ ಅದು ಸರಕಾರದ್ದು. ಡಾಕ್ಟರ್ ಬಂದು ಕೊಯ್ದು ನೋಡಬೇಕು, ಪಂಚರ ಮುಂದ ಸುಡಬೇಕು. ಕೋಡು ಸೈತ ಬೂದಿ ಆಗಬೇಕು. ಇಲ್ಲಾಂದ್ರ ಯಾರರೆ ಒಯ್ದು ಮಾರ್ತಾರ. ಮಾರಾಕ ಬಂತಂದ್ರ ಮತ್ತೊಂದು ಸಾಯತೈತಿ."

ಒಳಗಿನಿಂದ ಅತ್ತೆ ಕೂಗಿ ಹೇಳಿದರು: "ನಾ ಸಣ್ಣಾಕಿ ಇದ್ದಾಗ ಎರೆಭೂತ ಅಂತ ಆಳೆತ್ತರದ ಹಕ್ಕಿ ಇದೇ ಹೊಲದಾಗ ಅಡ್ಡಾಡತಿತ್ತು. ಅದಕ್ಕೂ ನಿನ್ನ ಕಾಯ್ದೆ ಐತಿ ಅಂತಿದ್ದಿ. ಎಲ್ಲೈತಿ ತೋರಸು?"

ನನ್ನ ಗಂಡ ರೊಟ್ಟಿ ಮುರಿದು ತಿಂದರು.

ಆ ಹಾಳೆಯಿಂದಾಗಿ ಅವರು ಮೊದಲು ಸಿಟ್ಟು ಕಟ್ಟಿಕೊಂಡದ್ದು ಕಾಕಾನ ಜೊತೆ. ಕಾಕಾ ಎಂದರೆ ಅವರ ಅಪ್ಪನ ತಮ್ಮ. ಮಾವ ತೀರಿಕೊಂಡಾಗ ನನ್ನ ಗಂಡ ಇನ್ನೂ ಶಾಲೆಗೆ ಹೋಗುತ್ತಿದ್ದರು. ಅಲ್ಲಿಂದ ಸಾಕಿ ಬೆಳೆಸಿ ನನ್ನನ್ನು ತಂದು ಮದುವೆ ಮಾಡಿದವರು ಕಾಕಾ. ಅವರ ಮನೆಯ ಪಡಸಾಲೆಯಲ್ಲಿ ಒಂದು ಜೊತೆ ಚಿಗರಿ ಕೋಡು ಗೋಡೆಗೆ ಹೊಡೆದಿತ್ತು. ಅವರಪ್ಪನ ಕಾಲದ್ದು. ಹೊಲದಿಂದ ಬಂದವರು ರುಮಾಲು ಬಿಚ್ಚಿ ಅದಕ್ಕೆ ನೇತು ಹಾಕುತ್ತಿದ್ದರು. ನನ್ನ ಗಂಡ ಒಂದು ದಿನ ಸ್ಟೂಲು ಹತ್ತಿ ಆ ಕೋಡು ಕಿತ್ತು, ಗೋಣಿಚೀಲದಲ್ಲಿ ಹಾಕಿಕೊಂಡು ಆಫೀಸಿಗೆ ಒಪ್ಪಿಸಿ ಬಂದರು.

"ನನ್ನ ಮನ್ಯಾಗ ಕಳವು ಮಾಡಿದ್ಯಲ್ಲೋ," ಎಂದು ಕಾಕಾ ಓಣಿಯಲ್ಲಿ ನಿಂತು ಕೂಗಿದರು. "ನಿನ್ನ ಅಜ್ಜನ ನೆನಪ ಇತ್ತಲ್ಲೋ ಅದು!"

"ಬ್ಯಾರೇದವರು ಬಂದು ಕಿತಗೊಂಡು ಹೋಗಿದ್ರ ನಿನ್ನೂ ಕರಕೊಂಡು ಹೋಗ್ತಿದ್ರು ಕಾಕಾ."

ಗೋಡೆಯ ಮೇಲೆ ಎರಡು ತೂತು ಉಳಿದವು. ಕಾಕಾ ಅವುಗಳಿಗೆ ಸುಣ್ಣ ಹಚ್ಚಿಸಲಿಲ್ಲ. ಮನೆಗೆ ಬಂದವರಿಗೆಲ್ಲ ತೋರಿಸುತ್ತಿದ್ದರು.

ಎರಡನೆಯದು ಝಳಕಿಯ ಕಡೆ ನಡೆದದ್ದು. ಹೊರಗಿನಿಂದ ಜೀಪಿನಲ್ಲಿ ನಾಲ್ವರು ಬೇಟೆನಾಯಿ ತಂದಿದ್ದರು. ಜೋಳ ಕಿತ್ತ ಹೊಲದಲ್ಲಿ ಒಂದು ಹೆಣ್ಣು ಚಿಗರಿಯನ್ನು ನಾಯಿಗಳು ಕೆಡವಿ, ಅದು ಕಣ್ಣು ಬಿಟ್ಟಿರುವಾಗಲೇ ಹಿಂದಿನಿಂದ ಹರಿಯುತ್ತಿದ್ದವಂತೆ. ಇವರು, ನನ್ನ ಗಂಡ, ಒಬ್ಬರೇ ಹೋಗಿದ್ದಾರೆ. ಅವರು ಅದರ ತಲೆ ಕಡಿದು ಚೀಲಕ್ಕೆ ಹಾಕಿದ್ದರು. ಇವರು ಚೀಲ ಹಿಡಿದುಕೊಂಡರು. ಅವರು ಕೊಡಲಿಯ ಕಾವಿನಿಂದ ಹೆಗಲಿಗೆ ಹೊಡೆದರು, ಇವರು ಬಿಡಲಿಲ್ಲ. ಬಾಯಿಗೆ ಹೊಡೆದರು, ಬಿಡಲಿಲ್ಲ. ಊರವರು ಬರುವಷ್ಟರಲ್ಲಿ ಜೀಪು ಹೋಗಿತ್ತು. ಇವರು ಚೀಲದ ಮೇಲೆ ಬೋರಲಾಗಿ ಬಿದ್ದಿದ್ದರು. ದವಾಖಾನೆಯಲ್ಲಿ ನಾನು ನೋಡಿದಾಗ ಹೆಗಲ ಎಲುಬು ಚರ್ಮದ ಕೆಳಗೆ ಮೂಡಿ ನಿಂತಿತ್ತು. ಮುಂದಿನ ಮೂರು ಹಲ್ಲು ಇರಲಿಲ್ಲ. ಅಂಗಿಯ ಮೇಲಿನ ರಕ್ತದಲ್ಲಿ ಯಾವುದು ಇವರದು, ಯಾವುದು ಅದರದು ಎಂದು ತಿಳಿಯುವಂತಿರಲಿಲ್ಲ. ಒಗೆದೆ. ಹೋಗಲಿಲ್ಲ.

ಜೀಪು ಸಿಕ್ಕಿತು, ಕೇಸು ಇಂಡಿ ಕೋರ್ಟಿಗೆ ಹೋಯಿತು. ಪಂಚನಾಮೆಗೆ ಸಹಿ ಹಾಕಿದ್ದ ಇಬ್ಬರು ಕಟಕಟೆ ಹತ್ತಿ, "ಖಾಲಿ ಹಾಳಿ ಮ್ಯಾಲ ಸಹಿ ಮಾಡ್ಸಿದಾರ್ರಿ, ನಾವೇನೂ ನೋಡಿಲ್ಲ," ಎಂದರು. ನಾಲ್ವರೂ ಬಿಡುಗಡೆಯಾದರು. ಆ ದಿನ ಮನೆಗೆ ಬಂದವರು ಹಲ್ಲಿಲ್ಲದ ಬಾಯಿಯಿಂದ ನಿಧಾನವಾಗಿ ಹೇಳಿದರು: "ಕಾಯ್ದೆ ಗಟ್ಟಿ ಐತಿ. ನೋಡಿದಾಂವ ನೋಡೇನಿ ಅಂತ ಹೇಳಬೇಕಲ್ಲ, ಅಲ್ಲೇ ಮುರಿತೈತಿ." ಆಮೇಲೆ ಆ ಕೇಸಿನ ಮಾತು ಎತ್ತಲಿಲ್ಲ.

ಮುಂದೊಂದು ವರ್ಷ ಕಾಕಾನ ಹೊಲದಲ್ಲಿ ಕಬ್ಬು, ಅದರ ಮಗ್ಗುಲಿಗೆ ಶೇಂಗಾ ಇತ್ತು. ಕಾಡುಹಂದಿ ಬಂದರೆ ಒಂದು ರಾತ್ರಿಯಲ್ಲಿ ಶೇಂಗಾದ ಸಾಲು ನೇಗಿಲು ಹೊಡೆದಂತೆ ಆಗುತ್ತದೆ. ಕಾಕಾ ಬದುವಿನ ಗುಂಟ ಮೊಣಕಾಲೆತ್ತರಕ್ಕೆ ತೆಳುವಾದ ತಂತಿ ಎಳೆದು, ಪಂಪಿನ ಲೈನಿಗೆ ಕೊಕ್ಕೆ ಹಾಕಿ ಅದಕ್ಕೆ ಕರೆಂಟು ಕೊಟ್ಟಿದ್ದರು. ನನ್ನ ಗಂಡ ಎರಡು ಸಲ ಹೇಳಿದರು. ಎರಡನೆಯ ಸಲ ನಾನೂ ಜೊತೆಗಿದ್ದೆ.

"ಕಾಕಾ, ಹಂದಿಗೂ ಕಾಯ್ದೆ ಐತಿ. ನಿನ್ನ ತಂತಿಗೆ ಹಂದಿ ಯಾವುದು, ಚಿಗರಿ ಯಾವುದು ಗೊತ್ತಾಗತೈತೇನ? ನಾನಽ ಬಂದು ನಿನ್ನ ಮ್ಯಾಲ ಕೇಸ್ ಬರಿಯೋ ಹಂಗ ಮಾಡಬ್ಯಾಡ."

"ಬರಿ. ಕೋಡು ಒಯ್ದಿ, ಈಗ ನನ್ನೂ ಗ್ವಾಡಿಯಿಂದ ಕಿತಗೊಂಡು ಒಯ್ಯಿ."

ಮುದ್ದೇಬಿಹಾಳದ ಕಡೆ ನಾಲ್ಕು ದಿನದ ಡ್ಯೂಟಿ ಹಾಕಿದ್ದರಿಂದ ಅವರು ಆ ವಾರ ಊರಲ್ಲಿ ಇರಲಿಲ್ಲ. ರಾತ್ರಿ ಪಾಳಿ. ಹತ್ತಕ್ಕೆ ಕರೆಂಟು ಬಂದರೆ ಬೆಳಗಿನ ಐದಕ್ಕೆ ಹೋಗುತ್ತಿತ್ತು. ನಾನು ತೊಗರಿಗೆ ನೀರು ಬಿಡುತ್ತ ಏಳು ರಾತ್ರಿ ಎದ್ದಿದ್ದೆ. ರಾತ್ರಿ ನೀರು ಬಿಟ್ಟವರಿಗೆ ಬೆಳಗು ಹಿಂದಿನ ದಿನದ್ದೇ ಆಗಿರುತ್ತದೆ. ಮಲಗಿ ಎದ್ದ ಮೇಲೆಯೇ ಹೊಸ ದಿನ. ಐದಕ್ಕೆ ಪಂಪು ನಿಂತ ಮೇಲೆ ಕೆಸರು ಕಾಲು ತೊಳೆದುಕೊಂಡು ಮನೆಗೆ ಬಂದೆ. ನನ್ನ ಲೆಕ್ಕದಲ್ಲಿ ಅದಿನ್ನೂ ಭಾನುವಾರವಾಗಿತ್ತು.

ಆರೂವರೆಗೆ ಅವರ ಫೋನು ಬಂತು. ಬಸವನ ಬಾಗೇವಾಡಿಯ ಮೇಲೆ ಹಾಯ್ದು ಊರಿಗೆ ಬರುತ್ತಿದ್ದವರು ದಾರಿಯಲ್ಲಿ ಕಾಕಾನ ಹೊಲದ ಹತ್ತಿರ ನಿಂತಿದ್ದರು. ಹಿಂದೆ ಏನೋ ಒದ್ದಾಡುವ ಸದ್ದು, ನಾಯಿ ಬೊಗಳುವ ಸದ್ದು.

"ಏ, ಕೇಳ್ತೈತೇನ? ಕಾಕಾನ ತಂತಿಗೆ ಎರಡು ಬಿದ್ದಾವು. ಗಂಡು ಸತ್ತೈತಿ. ಹೆಣ್ಣಿನ ಕಾಲು ತಂತ್ಯಾಗ ಸಿಕ್ಕೈತಿ, ಜೀವ ಐತಿ. ನಾಯಿ ಸುತಗಟ್ಯಾವು. ಕರೆಂಟ್ ಹೋಗೇತೇನ?"

"ಹೋಗೇತ್ರಿ. ಐದಕ್ಕ ಹೋತು."

"ಮತ್ತ ಯಾವಾಗ?"

"ರಾತ್ರಿ ಹತ್ತಕ್ಕ. ರಾತ್ರಿ ಪಾಳಿ ಐತಲ್ರಿ."

"ಕಾಕಾಗ ಹೇಳು, ಬಂದು ಕೊಕ್ಕಿ ತಗಿಯಾಕ. ನಮ್ಮ ಸಾಹೇಬ್ರಿಗೆ ಆಮ್ಯಾಲ ಫೋನ್ ಮಾಡ್ತೇನಿ."

ಅಷ್ಟೇ. ಒಂದು ನಿಮಿಷವೂ ಇಲ್ಲ. ಹಿಂದಿನ ಓಣಿಯ ಕಾಕಾನ ಮನೆಗೆ ಹೋದೆ. ಅವರು ಕಟ್ಟೆಯ ಮೇಲೆ ಚಹಾ ಕುಡಿಯುತ್ತಿದ್ದರು.

"ಮಾವಾರ, ನಿಮ್ಮ ತಂತಿಗೆ ಚಿಗರಿ ಬಿದ್ದಾವಂತ. ಇವರು ಅಲ್ಲೇ ಅದಾರ. ಕೊಕ್ಕಿ ತಗಿಯಾಕ ಬರಬೇಕಂತ."

"ಬಂದನೇನು ನಿನ್ನ ಗಂಡ, ಕಾಯ್ದೆ ಸಾಹೇಬ?" ಎಂದರು. "ಹೋಗ್ತೇನಿ ನಡಿಯವ್ವ. ಚಾ ಕುಡದು ಹೋಗ್ತೇನಿ."

ಸೋಮವಾರದ ಹಗಲು ಪಾಳಿ ಏಳಕ್ಕೆ ಶುರುವಾಗುತ್ತದೆ. ಏಳಕ್ಕೆ ಕರೆಂಟು ಬಂದಾಗ ನನ್ನ ಗಂಡ ಒಂದು ಕೈಯಲ್ಲಿ ಆ ಹೆಣ್ಣಿನ ಕಾಲು, ಇನ್ನೊಂದು ಕೈಯಲ್ಲಿ ತಂತಿ ಹಿಡಿದಿದ್ದರು.

ಎಂಟರ ಹೊತ್ತಿಗೆ ನಾಲ್ಕು ಜನ ಅವರನ್ನು ಕಂಬಳಿಯಲ್ಲಿ ಹೊತ್ತು ತಂದರು. ಮುಂದೆ ಕಾಕಾ ಇದ್ದರು. ಬದುವಿನ ಹತ್ತಿರ ಎದೆನೋವು ಬಂದು ಬಿದ್ದಿದ್ದ ಎಂದರು. ನಾನು ಅಳುವುದಕ್ಕೆ ಮೊದಲೇ ಅತ್ತೆಯ ಕೂಗು ಓಣಿ ತುಂಬಿತ್ತು. ನಮ್ಮಲ್ಲಿ ಸತ್ತವರನ್ನು ಕೂಡಿಸುತ್ತಾರೆ. ಸ್ನಾನ ಮಾಡಿಸಿ, ವಿಭೂತಿ ಹಚ್ಚಿ, ಗೋಡೆಗೆ ಆನಿಸಿ ಕೂಡಿಸಿದರು. ಭಜನೆಯವರು ಬಂದರು. ಹೊಲದಲ್ಲಿ ಕುಣಿ ತೋಡಲು ಜನ ಹೋದರು. ಎಲ್ಲ ಬೇಗ ಬೇಗ ನಡೆಯುತ್ತಿತ್ತು. ಅವರ ಬಲಗೈಯನ್ನು ಯಾರೋ ಬಟ್ಟೆಯಲ್ಲಿ ಸುತ್ತಿದ್ದರು. ನಾನು ಹತ್ತಿರ ಕುಳಿತು ಬಿಚ್ಚಿದೆ. ಅಂಗೈಗೆ ಅಡ್ಡಲಾಗಿ ಕಪ್ಪು ಗೆರೆ. ಗೆರೆಯ ಎರಡೂ ಕಡೆ ಮಾಂಸ ಬೆಂದು ಬೆಳ್ಳಗಾಗಿ ಸುರುಟಿಕೊಂಡಿತ್ತು. ಎಲುಬು ಕಾಣುತ್ತಿತ್ತು. ಬೆರಳುಗಳು ಇನ್ನೂ ಏನನ್ನೋ ಹಿಡಿದಂತೆ ಮಡಚಿದ್ದವು, ಬಿಡಿಸಲು ಬರಲಿಲ್ಲ.

ಸೋಮವಾರ ಎಂದು ಆಗ ನೆನಪಾಯಿತು.

"ಚಿಗರಿ ಎಲ್ಲೈತಿ?" ಎಂದು ಕೇಳಿದೆ. ಭಜನೆ ನಡೆದೇ ಇತ್ತು. ಯಾರಿಗೂ ಕೇಳಿಸಲಿಲ್ಲ. ಮತ್ತೆ ಕೇಳಿದೆ. ತಾಳ ನಿಂತಿತು.

ಊರ ಹಿರಿಯರೊಬ್ಬರು ನನ್ನನ್ನು ಒಳಗೆ ಕರೆದರು. ಕಾಕಾ ಕಂಬ ಹಿಡಿದು ನಿಂತಿದ್ದರು. ಹಿರಿಯರು ಮೆತ್ತಗೆ ಮಾತಾಡಿದರು.

"ನೋಡ ತಂಗಿ, ಹೋದಾಂವ ಹೋದ. ಅವನ್ನ ಸಾಕಿದಾಂವ ಇಲ್ಲಿ ನಿಂತಾನ. ಮುಂದಿನ ತಿಂಗಳ ಇವರ ಮಗಳ ಲಗ್ನ ಐತಿ. ಪೊಲೀಸ್ರು ಬಂದ್ರ ಒಂದು, ಅರಣ್ಯದವರು ಬಂದ್ರ ಇನ್ನೊಂದು. ಚಿಗರಿ ಕೇಸಿನ್ಯಾಗ ಜಾಮೀನೂ ಲಗೂ ಆಗೂದಿಲ್ಲ. ನೀ ಎದಿನೋವು ಅಂದ್ರ ಅಲ್ಲಿಗೆ ಮುಗೀತು."

"ಮನಿಶ್ಯಾ ಸತ್ರ ಎದಿನೋವು ಅಂತ ಮುಚ್ಚಬಹುದು, ಚಿಗರಿ ಸತ್ರ ಮುಚ್ಚಾಕ ಬರೂದಿಲ್ಲ ಅಂತೀರೇನ್ರಿ?" ಎಂದೆ.

ಕಾಕಾ ಮುಂದೆ ಬಂದು ನನ್ನ ಕಾಲಿಗೆ ಕೈ ಹಚ್ಚಿದರು. ಮಾವನ ಜಾಗದಲ್ಲಿದ್ದವರು. ನಾನು ಹಿಂದೆ ಸರಿದೆ. "ಹಂದಿಗೆ ಹಾಕಿದ್ದು ಯವ್ವಾ. ಹಂದಿಗೆ ಹಾಕಿದ್ದು," ಎಂದರು.

ಸುಮ್ಮನಿದ್ದರೆ ಕಾಕಾನ ಕುತ್ತಿಗೆ ಉಳಿಯುತ್ತಿತ್ತು, ನನ್ನದೂ ಉಳಿಯುತ್ತಿತ್ತು. ರಾತ್ರಿ ಪಾಳಿ ಎಂದು ಹೇಳಿದ್ದು ನಾನು. ಎದೆನೋವು ಎಂದು ಬರೆದುಬಿಟ್ಟರೆ ಆ ಮಾತೂ ಗಂಡನ ಜೊತೆಗೇ ಕುಣಿ ಸೇರುತ್ತಿತ್ತು. ಇದನ್ನು ಬರೆಯುವಾಗ ಸಣ್ಣದು ಮಾಡಿ ಹೇಳಲಾರೆ. ನಾನು ಬಹಳ ಹೊತ್ತು ಯೋಚಿಸಿದೆ. ಹೊರಗೆ ಅವರನ್ನು ಎತ್ತಲು ಪಲ್ಲಕ್ಕಿ ತಂದಿಟ್ಟ ಸದ್ದು ಕೇಳಿಸಿತು. ಪಂಚರಿಬ್ಬರ ಆ ಮಾತು, ಖಾಲಿ ಹಾಳೆ, ನೆನಪಾಯಿತು. ಹಿತ್ತಲಿಗೆ ಹೋಗಿ ಅರಣ್ಯ ಇಲಾಖೆಯ ಅವರ ಸಾಹೇಬರಿಗೆ ಫೋನು ಮಾಡಿದೆ.

ಸಾಹೇಬರು ಬರುವವರೆಗೆ ನನ್ನ ಗಂಡನನ್ನು ಎತ್ತಲು ಬಿಡಲಿಲ್ಲ. ಅವರ ಮುಂದೆ ಅಡ್ಡ ಕುಳಿತೆ. ಕಾಕಾನ ಕಡೆಯವನೊಬ್ಬ ನನ್ನ ಕೂದಲು ಹಿಡಿದು ಎಳೆದ. ಹಣೆ ಹೊಸ್ತಿಲಿಗೆ ಬಡಿದು ಒಡೆಯಿತು. ಅತ್ತೆ ಬಂದು ಅವನ ಕೈ ಕಚ್ಚಿದರು. ಅತ್ತೆಗೆ ಆಗ ಎಪ್ಪತ್ತು ದಾಟಿತ್ತು. "ನನ್ನ ಮಗನ ಕೈ ನೋಡೇನಿ ನಾನೂ," ಎಂದು ರಕ್ತ ಉಗುಳಿದರು. "ಬರಲಿ, ಯಾರು ಬರ್ತಾರ ಬರಲಿ."

ಸಾಹೇಬರು ಬಂದರು, ಪೊಲೀಸರು ಬಂದರು. ನನ್ನ ಗಂಡನನ್ನು ಸಿಂದಗಿಯ ದವಾಖಾನೆಗೆ ಒಯ್ದು ಕೊಯ್ದರು. ವಿಭೂತಿ ಹಚ್ಚಿದ ಮೈಯನ್ನು ಕೊಯ್ಯಿಸಿದಳು ಎಂದು ಊರಲ್ಲಿ ಇಂದಿಗೂ ಅನ್ನುವವರಿದ್ದಾರೆ. ಹೌದು, ಕೊಯ್ಯಿಸಿದೆ.

ಮರುದಿನ ಮಣ್ಣು ಕೊಟ್ಟು ಬಂದ ಮೇಲೆ ಸಾಹೇಬರ ಜನ ಕಾಕಾನ ಹೊಲದಲ್ಲಿ ಚಿಗರಿ ಹುಡುಕಿದರು, ನಾನೂ ಹೋದೆ. ತಂತಿಯೂ ಇರಲಿಲ್ಲ, ಕೊಕ್ಕೆಯೂ ಇರಲಿಲ್ಲ. ಬದುವಿನ ಗುಂಟ ಗೂಟದ ತೂತುಗಳು ಮಾತ್ರ ಇದ್ದವು. ಸಾಹೇಬರು, "ಪ್ರಾಣಿ ಸಿಗಲಿಲ್ಲ ಅಂದ್ರ ಕೇಸ್ ನಿಲ್ಲೂದಿಲ್ಲಮ್ಮ," ಎಂದರು. ನಾನು ಅಲ್ಲಿದ್ದ ಕಣಿಕೆ ಬಣವಿಯ ಕಡೆ, ಒಣ ಜೋಳದ ದಂಟಿನ ಒಟ್ಟಿಲಿನ ಕಡೆ ನೋಡಿದೆ. ಮೂರು ನಾಯಿಗಳು ಅದರ ಬುಡ ಕೆರೆಯುತ್ತಿದ್ದವು. ಬಣವಿ ಮೊದಲಿದ್ದ ಜಾಗದಲ್ಲಿ ಇರಲಿಲ್ಲ, ಹತ್ತು ಹೆಜ್ಜೆ ಸರಿದಿತ್ತು. ಬೊಟ್ಟು ಮಾಡಿ ತೋರಿಸಿದೆ.

ಬಣವಿ ಸರಿಸಿ, ಮಣ್ಣು ಅಗೆದು ಎರಡನ್ನೂ ಹೊರಗೆಳೆದರು. ಗಂಡಿನ ಕಪ್ಪು ಬೆನ್ನಿಗೆ ಮಣ್ಣು ಮೆತ್ತಿತ್ತು, ಸುರುಳಿ ಕೋಡು ಹಾಗೇ ಇತ್ತು. ಹೆಣ್ಣಿನ ಹಿಂಗಾಲು ತಂತಿ ಕೊಯ್ದು ನರಕ್ಕೆ ಜೋತು ಬಿದ್ದಿತ್ತು. ಅಲ್ಲಿಯೇ ಅವರ ಬೆರಳು ಹಿಡಿದಿದ್ದ ಗುರುತು ಕೂದಲು ಸುಟ್ಟು ಮೂಡಿತ್ತು. ಪಶುವೈದ್ಯರು ಹೊಟ್ಟೆ ಕೊಯ್ದರು. ಒಳಗೆ ಮರಿಯಿತ್ತು, ಗೊರಸು ಇನ್ನೂ ಮೆತ್ತಗಿದ್ದವು.

"ಎರಡು ಬರಿಯೋದೋ, ಮೂರೋ ಸರ್?" ಎಂದು ಪಂಚನಾಮೆ ಬರೆಯುವವನು ಕೇಳಿದ.

ಸಾಹೇಬರು ಬಗ್ಗಿ ಮರಿಯನ್ನು ನೋಡಿದರು. "ಎರಡು ಬರಿ. ಕೆಳಗ ಹೊಟ್ಟ್ಯಾಗ ಮರಿ ಇತ್ತಂತ ಬರಿ."

ಪಂಚರಾಗಲು ಊರಿನ ಯಾರೂ ಬರಲಿಲ್ಲ. ಇಂಡಿಯಿಂದ ಇಬ್ಬರು ಮಾಸ್ತರರನ್ನು ಕರೆಸಿದರು. ಕಟ್ಟಿಗೆ ಒಟ್ಟಿ, ಡೀಸೆಲ್ ಸುರಿದು ಅಲ್ಲಿಯೇ ಸುಟ್ಟರು. ಮಾಂಸ ಬೇಗ ಹೋಯಿತು. ಕೋಡು ಹೋಗಲಿಲ್ಲ. ಕಾಯ್ದೆಯಂತೆ ಅದು ಬೂದಿಯಾಗುವವರೆಗೆ ಯಾರೂ ಕದಲುವಂತಿರಲಿಲ್ಲ. ಮತ್ತೆ ಕಟ್ಟಿಗೆ ಹಾಕಿದರು. ಕೂದಲು, ಕೊಂಬು ಸುಡುವ ವಾಸನೆ ನನ್ನ ಸೆರಗಿನಲ್ಲಿ ಕೂತಿತು. ನನ್ನ ಗಂಡನನ್ನು ನಾವು ಮಣ್ಣಿಗೆ ಕೊಟ್ಟಿದ್ದೆವು. ಮಣ್ಣಿನಲ್ಲಿದ್ದ ಇವುಗಳನ್ನು ತೆಗೆದು ಸುಡುವುದನ್ನು ನೋಡುತ್ತ ಸಂಜೆಯವರೆಗೆ ನಿಂತೆ. ಬೇಡ ಎಂದು ಯಾರೂ ಹೇಳಲಿಲ್ಲ. ಅವರಿದ್ದರೆ ಅವರು ನಿಲ್ಲುತ್ತಿದ್ದ ಜಾಗ ಅದು.

ಕಾಕಾನನ್ನು ಒಯ್ದರು. ಮಗಳ ಲಗ್ನ ಮುಂದಕ್ಕೆ ಹೋಯಿತು. ಜಾಮೀನು ಸಿಕ್ಕು ಬಂದ ಮೇಲೆ ಅವರು ನಮ್ಮ ಓಣಿಯಲ್ಲಿ ನಡೆಯುವುದನ್ನು ಬಿಟ್ಟರು. ನಮ್ಮ ಮನೆಯ ಬಾಗಿಲಿಗೆ ಒಂದು ದಿನ ಯಾರೋ ಸತ್ತ ನಾಯಿಯನ್ನು ತಂತಿಯಲ್ಲಿ ಕಟ್ಟಿ ನೇತು ಹಾಕಿದ್ದರು. ನಾನೂ ಅತ್ತೆಯೂ ಅದನ್ನು ಬಿಚ್ಚಿ ಹೂತು ಬಂದೆವು.

ನನ್ನ ಸಾಕ್ಷಿಯ ದಿನ ಇಂಡಿ ಕೋರ್ಟಿನಲ್ಲಿ ಗಂಡನ ಹೆಸರು ಕೇಳಿದರು. ಅವರ ಮುಂದೆ ಒಮ್ಮೆಯೂ ಕರೆಯದ ಹೆಸರನ್ನು ಎಲ್ಲರ ಮುಂದೆ ಹೇಳಿದೆ. ಫೋನಿನ ಮಾತು ಹೇಳಿದೆ, ಕೈ ಹೇಳಿದೆ, ಬಣವಿ ಹೇಳಿದೆ. ಆಮೇಲೆ ಕಾಕಾನ ವಕೀಲರು ಎದ್ದರು.

"ಕರೆಂಟ್ ಇಲ್ಲ, ರಾತ್ರಿ ಬರ್ತದ ಅಂತ ಅವನಿಗೆ ಹೇಳಿದವರು ಯಾರು?"

"ನಾನ್ರಿ."

"ಅಂದು ಸೋಮವಾರ. ಪಾಳಿ ಬದಲಾಗೋ ದಿನ. ಗೊತ್ತಿರಲಿಲ್ಲೇನು?"

"ಮರತೆ."

"ಸಾಹೇಬ್ರಿಗೆ ಆಮ್ಯಾಲ ಹೇಳ್ತೀನಿ ಅಂದಿದ್ದ. ಅಂದ್ರ ಕಾಕಾನ್ನ ಉಳಿಸಿ, ಚಿಗರಿ ಮುಚ್ಚಿ ಹಾಕೋ ವಿಚಾರ ಅವನಿಗೂ ಇತ್ತಲ್ಲ?"

"ಗೊತ್ತಿಲ್ರಿ. ಅವರಿಗೆ ಹೇಳಾಕ ಹೊತ್ತು ಉಳೀಲಿಲ್ಲ."

"ಹಂಗಾದ್ರ ಗಂಡನ್ನ ಕೊಂದಾಕಿ ನೀವಽ ಅಲ್ಲೇನು?"

ಸರಕಾರದ ವಕೀಲರು ಕೂಗುತ್ತ ಎದ್ದು ನಿಂತರು. ಉತ್ತರ ಹೇಳಬೇಕಿಲ್ಲ ಎಂದು ನ್ಯಾಯಾಧೀಶರು ಹೇಳಿದರು. ನಾನು ಹೇಳಿದೆ.

"ನಾ ಹೇಳಿದ್ದು ತಪ್ಪಾಗೇತ್ರಿ. ತಂತಿ ಎಳದದ್ದೂ ಆಗೇತ್ರಿ. ಎರಡೂ ಬರಕೋರ್ರಿ."

ಹೊರಗೆ ಬಂದು ಬಸ್ ನಿಲ್ದಾಣದಲ್ಲಿ ಕುಳಿತೆ. ನಮ್ಮೂರಿಗೆ ಆ ಹೊತ್ತಿಗೆ ಇರುವುದು ಒಂದೇ ಬಸ್ಸು. ಕಾಕಾ ಬಂದು ಅದೇ ಕಲ್ಲುಬೆಂಚಿನ ಆ ತುದಿಗೆ ಕುಳಿತರು. ಬಹಳ ಸೊರಗಿದ್ದರು. ರುಮಾಲನ್ನು ಬಿಚ್ಚಿ ತೊಡೆಯ ಮೇಲಿಟ್ಟುಕೊಂಡರು.

"ನೀ ಮರತಿದ್ದಿ," ಎಂದರು, ನನ್ನ ಕಡೆ ನೋಡದೆ. "ನಾ ಮರತಿರಲಿಲ್ಲ."

ನಾನು ಅವರ ಕಡೆ ತಿರುಗಿದೆ.

"ನೀ ಬಂದು ಹೇಳಿದಾಗ ಏಳಕ್ಕ ಕಾಲು ತಾಸು ಇತ್ತು. ಏಳಕ್ಕ ಬರತೈತಿ ಅಂತ ನನಗ ನೆನಪಿತ್ತು. ಸಿಟ್ಟಿತ್ತು ಯವ್ವಾ. ನಾ ಹೋಗಿ ಕೊಕ್ಕಿ ತಗದ ಕೂಡಲೇ ಮತ್ತ ಆ ಕಾಯ್ದೆ ಹಾಳಿ ತಗದು ಓದ್ತಾನ, ಕಾಯಲಿ ಸ್ವಲ್ಪ ಅಂದೆ. ಇನ್ನೊಂದು ಕಪ್ಪು ಚಾ ತರಸಿದೆ. ಅವ ತಂತಿ ಮುಟ್ಟತಾನ ಅಂತ ಅನಕೊಂಡಿರಲಿಲ್ಲ. ಎಲ್ಲಾರಿಗೂ ಮುಟ್ಟಬ್ಯಾಡ್ರಿ ಅಂತ ಹೇಳಾಂವ ಅವನಽ ಅಲ್ಲೇನ?"

ಎದ್ದು ಅವರ ಕುತ್ತಿಗೆ ಹಿಸುಕಬೇಕು ಎನ್ನಿಸಿತು. ಸುಳ್ಳು ಹೇಳುವುದಿಲ್ಲ, ಕೈ ಮುಂದೆ ಹೋಗಿತ್ತು. ಅವರೂ ಅದನ್ನು ನೋಡಿದರು, ಸರಿಯಲಿಲ್ಲ. ಕೈಯನ್ನು ಸೆರಗಿನೊಳಗೆ ಸುತ್ತಿಕೊಂಡೆ.

"ಇದನ್ನ ಇಲ್ಲಿ ಯಾಕ ಹೇಳ್ತೀರಿ ಮಾವಾರ? ನಾ ಹೇಳಿ ಬಂದೆನಲ್ಲ, ಅಲ್ಲೇ ಹೋಗಿ ಹೇಳ್ರಿ," ಎಂದೆ.

ಬಸ್ಸು ಬಂತು. ನಾನು ಮುಂದೆ ಹತ್ತಿದೆ, ಅವರು ಹಿಂದೆ ಹತ್ತಿದರು.

ಮುಂದಿನ ತಾರೀಕಿಗೆ ನನ್ನನ್ನು ಕರೆದಿರಲಿಲ್ಲ, ಆದರೂ ಹೋದೆ. ಕಾಕಾನನ್ನು ಕರೆದು, ಹೇಳುವುದೇನಾದರೂ ಇದೆಯೇ ಎಂದು ಕೇಳಿದರು. ಅವರು ಕಟಕಟೆಯ ಕಟ್ಟಿಗೆ ಹಿಡಿದು, "ಐತ್ರಿ," ಎಂದರು. ವಕೀಲರು ಓಡಿ ಬಂದು ಅವರ ಅಂಗಿ ಹಿಡಿದು ಎಳೆದರು. ಕಾಕಾ ಅವರ ಕೈಯನ್ನು ಬಿಡಿಸಿದರು. ಮೊದಲು ತಂತಿ ಎಳೆದದ್ದು ಹೇಳಿದರು, ಆಮೇಲೆ ಬಣವಿ ಸರಿಸಿದ್ದು, ಆಮೇಲೆ ಎರಡನೆಯ ಕಪ್ಪು ಚಹಾ.